ಬಣ್ಣ ಹಚ್ಚದೆ ಉಳಿದ ಹುಡುಗ

1988ರ ಏಪ್ರಿಲ್ 16, ಶನಿವಾರ. ಜಪಾನಿನ ಚಿತ್ರಮಂದಿರಗಳಲ್ಲಿ ಅಂದು ಒಂದೇ ಟಿಕೆಟ್ಟಿಗೆ ಎರಡು ಅನಿಮೇಷನ್ ಚಿತ್ರಗಳು. ಒಂದರಲ್ಲಿ ಹಳ್ಳಿಗೆ ಬಂದ ಅಕ್ಕತಂಗಿಯರು ಕಾಡಿನಲ್ಲಿರುವ ಗುಡ್ಡದಂಥ ಜೀವಿಯೊಂದರ ಗೆಳೆತನ ಮಾಡುತ್ತಾರೆ. ಇನ್ನೊಂದರಲ್ಲಿ ಬಾಂಬಿನ ಬೆಂಕಿಗೆ ಮನೆಯನ್ನೂ ತಾಯಿಯನ್ನೂ ಕಳೆದುಕೊಂಡ ಅಣ್ಣತಂಗಿ ಹಸಿವಿನಿಂದ ಸಾಯುತ್ತಾರೆ. ಮೊದಲನೆಯದು ಹಯಾವೊ ಮಿಯಾಜಾಕಿಯವರ ‘ನನ್ನ ನೆರೆಯ ಟೊಟೊರೊ’. ಎರಡನೆಯದು ಇಸಾವೊ ತಕಹಾತ ಅವರ ‘ಮಿಂಚುಹುಳುಗಳ ಸಮಾಧಿ’.

ಈ ಎರಡನೆಯ ಚಿತ್ರದ ನಡುವೆ, ಹಸಿದ ಹುಡುಗ ಸೇಯಿತಾ ಹೊಲದಲ್ಲಿ ತರಕಾರಿ ಕದಿಯುತ್ತ ರೈತನ ಕೈಗೆ ಸಿಕ್ಕಿಬೀಳುತ್ತಾನೆ. ಅಷ್ಟು ಹೊತ್ತಿಗೆ ತೆರೆಯ ಮೇಲಿನ ಬಣ್ಣ ಮಾಯವಾಯಿತು. ಹುಡುಗನ ಮೈ ಬಿಳಿ, ಸುತ್ತ ಬರಿಯ ಗೆರೆ. ನೋಡುತ್ತಿದ್ದವರಲ್ಲಿ ಕೆಲವರು ಇದು ನಿರ್ದೇಶಕರ ಜಾಣ್ಮೆ ಎಂದುಕೊಂಡಿರಬಹುದು. ನಿಜ ಸಂಗತಿ ಬೇರೆ. ಬಿಡುಗಡೆಯ ದಿನ ಬಂದರೂ ಕೆಲಸ ಮುಗಿದಿರಲಿಲ್ಲ. ಬಣ್ಣ ಹಚ್ಚಲು ಸಮಯ ಸಾಲದೆ, ಗೆರೆ ಎಳೆದ ಚಿತ್ರಗಳನ್ನೇ ಹಾಗೆಯೇ ಸೆರೆಹಿಡಿದು ಪ್ರದರ್ಶನಕ್ಕೆ ಕೊಟ್ಟಿದ್ದರು. ಬಣ್ಣ ಆಮೇಲೆ ಸೇರಿತು. ಆದರೆ ಅರೆಬರೆ ಕೆಲಸವನ್ನು ಜನರ ಮುಂದಿಟ್ಟೆನೆಂಬ ನೋವು ತಕಹಾತ ಅವರಿಗೆ ದೊಡ್ಡದಾಗಿಯೇ ತಟ್ಟಿತು.

ಇದೇ ನಿರ್ದೇಶಕರು 25 ವರ್ಷಗಳ ನಂತರ ತಮ್ಮ ಕೊನೆಯ ಚಿತ್ರದಲ್ಲಿ ಬೇಕೆಂದೇ ಹಾಳೆಯ ಬಿಳಿಯನ್ನು ಬಿಳಿಯಾಗಿಯೇ ಉಳಿಸಿದರು, ಗೆರೆಯನ್ನು ಅರ್ಧಕ್ಕೆ ಬಿಟ್ಟರು. ಅದನ್ನು ಮುಗಿಸಲು ಎಂಟು ವರ್ಷ ತೆಗೆದುಕೊಂಡರು. ಮೊದಲನೆಯ ಬಿಳಿ ಸೋಲಿನದು, ಎರಡನೆಯದು ಸಾಧನೆಯದು. ಒಂದರಿಂದ ಇನ್ನೊಂದಕ್ಕೆ ಅವರು ನಡೆದು ಬಂದ ದಾರಿಯೇ ಜಪಾನಿನ ಅನಿಮೇಷನ್ನಿನ ಇತಿಹಾಸದ ಒಂದು ದೊಡ್ಡ ಅಧ್ಯಾಯ.

ಒಕಾಯಾಮದ ನಸುಕು

ತಕಹಾತ ಹುಟ್ಟಿದ್ದು 1935ರ ಅಕ್ಟೋಬರ್ 29ರಂದು, ಮಿಯೆ ಪ್ರಾಂತದ ಉಜಿಯಾಮಾದದಲ್ಲಿ. ಇಂದು ಆ ಊರಿನ ಹೆಸರು ಇಸೆ. ತಂದೆ ಶಾಲೆಯ ಮುಖ್ಯೋಪಾಧ್ಯಾಯರು. ಮಗ ಬೆಳೆದದ್ದು ಒಕಾಯಾಮ ನಗರದಲ್ಲಿ.

1945ರ ಜೂನ್ 29ರ ನಸುಕು. ಬೆಳಕು ಹರಿಯುವ ಮೊದಲೇ ಅಮೆರಿಕದ ಬಿ-29 ವಿಮಾನಗಳು ಒಕಾಯಾಮದ ಮೇಲೆ ಬಂದವು. ಎಚ್ಚರಿಕೆಯ ಸೈರನ್ ಕೂಡ ಮೊಳಗಿರಲಿಲ್ಲ. ಮಲಗಿದ್ದವರು ಎದ್ದಾಗ ಬೀದಿಯೇ ಹೊತ್ತಿ ಉರಿಯುತ್ತಿತ್ತು. ಒಂಬತ್ತು ವರ್ಷದ ಇಸಾವೊ, ಮಲಗುವ ಉಡುಪಿನಲ್ಲಿಯೇ, ಬರಿಗಾಲಿನಲ್ಲಿ, ಅಕ್ಕನ ಜೊತೆ ಓಡಿದ. ಮನೆಯವರು ಎಲ್ಲೋ, ಇವರಿಬ್ಬರು ಎಲ್ಲೋ. ಬಾಂಬಿನ ಚೂರು ತಗುಲಿ ಅಕ್ಕ ಕುಸಿದಳು. ತಮ್ಮ ಅವಳನ್ನು ಅಲ್ಲಾಡಿಸಿ ಎಬ್ಬಿಸಿದ. ಕುಟುಂಬ ಮತ್ತೆ ಒಂದುಗೂಡಿತು, ಎಲ್ಲರೂ ಬದುಕಿ ಉಳಿದರು. ಆದರೆ ಆ ಒಂದು ದಾಳಿಯಲ್ಲಿ ಊರಿನ 1,700ಕ್ಕೂ ಹೆಚ್ಚು ಜನ ಸತ್ತರು. ಹುಡುಗ ಸುಟ್ಟ ಬೀದಿಗಳಲ್ಲಿ ನಡೆದು ಬರುವಾಗ ಹೆಣಗಳನ್ನು ಕಂಡ. ಮೈ ನಡುಗುವುದು ನಿಲ್ಲಲಿಲ್ಲ ಎಂದು ಮುಂದೆ ಅವರೇ ನೆನೆದಿದ್ದಾರೆ.

ಈ ಅನುಭವವನ್ನು ಅವರು ಬಹುಕಾಲ ಹೇಳಿಕೊಂಡು ತಿರುಗಲಿಲ್ಲ. ಆದರೆ ಬೆಂಕಿ ಬಾಂಬು ಬಿದ್ದಾಗ ನಿಜಕ್ಕೂ ಏನಾಗುತ್ತದೆ, ಅದು ಹೇಗೆ ಸದ್ದು ಮಾಡುತ್ತದೆ, ಹೇಗೆ ಹೊತ್ತಿಕೊಳ್ಳುತ್ತದೆ, ಮನೆ ಮೊದಲು ಎಲ್ಲಿಂದ ಉರಿಯತೊಡಗುತ್ತದೆ ಎಂಬುದು ಅವರಿಗೆ ಕಣ್ಣಾರೆ ಗೊತ್ತಿತ್ತು. ಕಂಡದ್ದನ್ನು ಕಂಡ ಹಾಗೆಯೇ ತೋರಿಸಬೇಕೆಂಬ ಹಟ ಅವರನ್ನು ಬದುಕಿನುದ್ದಕ್ಕೂ ಬಿಡಲಿಲ್ಲ.

ಚಿತ್ರ ಬಿಡಿಸದ ನಿರ್ದೇಶಕ

ಟೋಕಿಯೊ ವಿಶ್ವವಿದ್ಯಾಲಯದಲ್ಲಿ ಅವರು ಓದಿದ್ದು ಫ್ರೆಂಚ್ ಸಾಹಿತ್ಯ. ಆ ದಿನಗಳಲ್ಲಿ ಫ್ರಾನ್ಸಿನ ಪಾಲ್ ಗ್ರಿಮೊ ನಿರ್ದೇಶಿಸಿದ, ಕವಿ ಝಾಕ್ ಪ್ರೆವೆರ್ ಕತೆ ಬರೆದ ಅನಿಮೇಷನ್ ಚಿತ್ರವೊಂದನ್ನು ನೋಡಿದರು. ಕುರಿಗಾಹಿ ಹುಡುಗಿ ಮತ್ತು ಚಿಮಣಿ ತೊಳೆಯುವ ಹುಡುಗ ದುಷ್ಟ ರಾಜನಿಂದ ತಪ್ಪಿಸಿಕೊಳ್ಳುವ ಕತೆ. ಮಕ್ಕಳಿಗಾಗಿ ಎಂದು ಕಾಣುವ ಈ ರೂಪದಲ್ಲಿ ಅಧಿಕಾರದ ಕುರಿತು, ಸ್ವಾತಂತ್ರ್ಯದ ಕುರಿತು ದೊಡ್ಡವರ ಮಾತನ್ನೂ ಆಡಬಹುದು ಎಂದು ಆ ವಿದ್ಯಾರ್ಥಿಗೆ ಹೊಳೆಯಿತು. ಪ್ರೆವೆರ್ ಮೇಲಿನ ಪ್ರೀತಿ ಕೊನೆಯವರೆಗೂ ಉಳಿಯಿತು. ಮುಂದೆ ಅವನ ಕವಿತೆಗಳನ್ನು ತಕಹಾತ ತಾವೇ ಜಪಾನಿ ಭಾಷೆಗೆ ತಂದರು.

1959ರಲ್ಲಿ ಪದವಿ ಮುಗಿಸಿ ತೋಯೆ ದೋಗಾ ಸ್ಟುಡಿಯೋ ಸೇರಿದರು. ಹಿಂದಿನ ವರ್ಷವಷ್ಟೇ ಈ ಸಂಸ್ಥೆ ಜಪಾನಿನ ಮೊದಲ ಪೂರ್ಣಾವಧಿ ವರ್ಣ ಅನಿಮೇಷನ್ ಚಿತ್ರವನ್ನು ಹೊರತಂದಿತ್ತು. ತಕಹಾತ ಅವರಿಗೆ ಚಿತ್ರ ಬಿಡಿಸಲು ಬರುತ್ತಿರಲಿಲ್ಲ. ಅವರು ಸೇರಿದ್ದು ಸಹಾಯಕ ನಿರ್ದೇಶಕರಾಗಿ. ಕೈಯಲ್ಲಿ ಪೆನ್ಸಿಲ್ ಇದ್ದವರದ್ದೇ ನಡೆಯುವ ಆ ಜಗತ್ತಿನಲ್ಲಿ ಇದು ಅಪರೂಪ. ಗೆರೆ ಎಳೆಯಲಾರದ ಈ ಮನುಷ್ಯ, ಎಳೆಯಬಲ್ಲವರಿಗೆ ಏನನ್ನು ನೋಡಬೇಕೆಂದು ಹೇಳುವವರಾದರು. ಬೆಳಗ್ಗೆ ಕಚೇರಿಗೆ ಓಡಿ ಬಂದು ಬ್ರೆಡ್ಡನ್ನು ಗಬಗಬ ತಿನ್ನುತ್ತಿದ್ದರಂತೆ. ಜಪಾನಿನಲ್ಲಿ ಹಾಗೆ ತಿನ್ನುವ ಸದ್ದಿಗೆ ‘ಪಾಕು ಪಾಕು’ ಎನ್ನುತ್ತಾರೆ. ಅದರಿಂದ ‘ಪಾಕು-ಸಾನ್’ ಎಂಬ ಅಡ್ಡಹೆಸರು ಬಂತು.

ಅದೇ ಸ್ಟುಡಿಯೋಗೆ 1963ರಲ್ಲಿ ಸೇರಿದ ಹುಡುಗ ಹಯಾವೊ ಮಿಯಾಜಾಕಿ, ತಕಹಾತ ಅವರಿಗಿಂತ ಐದು ವರ್ಷ ಚಿಕ್ಕವರು. ಮಳೆ ನಿಂತ ಒಂದು ದಿನ ಬಸ್ ನಿಲ್ದಾಣದಲ್ಲಿ ಇಬ್ಬರೂ ಮೊದಲು ಮಾತಾಡಿದರು. ಕಾರ್ಮಿಕ ಸಂಘದ ಕೆಲಸದಲ್ಲಿ ಸ್ನೇಹ ಗಟ್ಟಿಯಾಯಿತು. ಸಭೆ, ಮುಷ್ಕರ, ರಾತ್ರಿಯಿಡೀ ವಾದ. ಸಿನಿಮಾ ಹೇಗಿರಬೇಕು ಎಂಬುದೂ ಆ ವಾದಗಳಲ್ಲಿ ಸೇರಿತ್ತು.

ಹಿರಿಯ ಅನಿಮೇಟರ್ ಯಾಸುವೊ ಒತ್ಸುಕ ಹೊಸ ಚಿತ್ರವೊಂದರ ಹೊಣೆ ಹೊತ್ತಾಗ ತಕಹಾತ ಅವರೇ ನಿರ್ದೇಶಕರಾಗಬೇಕೆಂದು ಪಟ್ಟು ಹಿಡಿದರು. ಹಾಗೆ ಹುಟ್ಟಿದ್ದು ‘ಹೋರಸ್, ಸೂರ್ಯನ ರಾಜಕುಮಾರ’. ಜಪಾನಿನ ಉತ್ತರದ ಐನು ಜನರ ಪುರಾಣವನ್ನು ಆಧರಿಸಿದ ಗೊಂಬೆಯಾಟವೊಂದು ಇದರ ಮೂಲ. ಕತೆಯನ್ನು ಯುರೋಪಿನ ಉತ್ತರದ ಹಳ್ಳಿಗೆ ಒಯ್ದರು. ಒಬ್ಬ ವೀರ ಬಂದು ಎಲ್ಲರನ್ನೂ ಉಳಿಸುವ ಬದಲು ಇಡೀ ಹಳ್ಳಿ ಒಂದಾಗಿ ನಿಂತು ಕೇಡನ್ನು ಎದುರಿಸುತ್ತದೆ. ಸಂಘದ ಕೋಣೆಯಲ್ಲಿ ಆ ತರುಣರು ಕಂಡ ಕನಸು ತೆರೆಯ ಮೇಲೂ ಬಂತು. ಕತೆಯ ಹುಡುಗಿ ಹಿಲ್ಡಾ ಒಳ್ಳೆಯದಕ್ಕೂ ಕೆಟ್ಟದ್ದಕ್ಕೂ ನಡುವೆ ಸಿಕ್ಕು ನರಳುವ ಪಾತ್ರ. ಮಕ್ಕಳ ಕಾರ್ಟೂನಿನಲ್ಲಿ ಅಂಥ ಒಡೆದ ಮನಸ್ಸನ್ನು ಆಗ ಯಾರೂ ಕಂಡಿರಲಿಲ್ಲ.

ಕೆಲಸ ಎಳೆಯುತ್ತ ಹೋಯಿತು. 1965ರಲ್ಲಿ ಶುರುವಾದದ್ದು 1968ರ ಜುಲೈನಲ್ಲಿ ತೆರೆಗೆ ಬಂತು. ನಡುವೆ ಸಂಸ್ಥೆ ಕೆಲಸ ನಿಲ್ಲಿಸಿದ್ದೂ ಉಂಟು. ತೋಳಗಳು ಹಳ್ಳಿಯ ಮೇಲೆ ಬೀಳುವ ದೃಶ್ಯ, ಇಲಿಗಳ ದಾಳಿಯ ದೃಶ್ಯ, ಈ ಎರಡನ್ನು ಚಲನೆಯಲ್ಲಿ ತೋರಿಸಲು ಹಣವೂ ಇಲ್ಲ, ಸಮಯವೂ ಇಲ್ಲ. ಸ್ಥಿರಚಿತ್ರಗಳನ್ನೇ ಒಂದರ ಹಿಂದೊಂದು ಜೋಡಿಸಿ ಸರಿದೂಗಿಸಿದರು. ಹೀಗೆ ಮೊದಲ ಚಿತ್ರದಲ್ಲಿಯೇ ಅಪೂರ್ಣತೆ ಅವರ ಬೆನ್ನಿಗೆ ಬಿತ್ತು. ಚಿತ್ರಮಂದಿರದಿಂದ ‘ಹೋರಸ್’ ಬೇಗನೆ ಇಳಿಯಿತು. ತೋಯೆಯಲ್ಲಿ ತಕಹಾತ ಅವರಿಗೆ ಮತ್ತೊಂದು ಪೂರ್ಣಾವಧಿ ಚಿತ್ರ ಸಿಗಲಿಲ್ಲ. ಇಂದು ಜಪಾನಿನ ಆಧುನಿಕ ಅನಿಮೇಷನ್ನಿನ ಕತೆ ಹೇಳುವವರು ಈ ಸೋತ ಚಿತ್ರದಿಂದಲೇ ಆರಂಭಿಸುತ್ತಾರೆ.

ವಾರಕ್ಕೊಂದು ಕಂತು

1971ರಲ್ಲಿ ತಕಹಾತ, ಮಿಯಾಜಾಕಿ ಮತ್ತು ಚಿತ್ರಕಾರ ಯೋಯಿಚಿ ಕೊತಾಬೆ ಒಟ್ಟಿಗೆ ತೋಯೆ ಬಿಟ್ಟರು. ಸ್ವೀಡನ್ನಿನ ಆಸ್ಟ್ರಿಡ್ ಲಿಂಡ್‌ಗ್ರೆನ್ ಬರೆದ ‘ಪಿಪ್ಪಿ’ಯನ್ನು ತೆರೆಗೆ ತರುವುದು ಅವರ ಆಸೆ. ಒಪ್ಪಿಗೆ ಕೇಳಲು ಮಿಯಾಜಾಕಿ ಸ್ವೀಡನ್ನಿಗೂ ಹೋಗಿಬಂದರು. ಒಪ್ಪಿಗೆ ಸಿಗಲಿಲ್ಲ. ಆ ಸಿದ್ಧತೆ ಮಾತ್ರ ಮಣ್ಣುಪಾಲಾಗಲಿಲ್ಲ. ಮನೆಯಲ್ಲಿ ಒಬ್ಬಳೇ ಇರುವ ಪುಟ್ಟ ಹುಡುಗಿ, ಅವಳ ಅಡುಗೆಮನೆ, ಅವಳ ಬಟ್ಟೆ ಒಣಗಿಸುವ ಹಗ್ಗ, ಇಂಥ ದಿನನಿತ್ಯದ ಸಂಗತಿಗಳಿಂದಲೇ ಚಿತ್ರ ಕಟ್ಟಬಹುದೆಂಬ ಯೋಚನೆ 1972ರ ‘ಪಾಂಡಾ, ಮರಿ ಪಾಂಡಾ’ದಲ್ಲಿ ಕುಡಿಯೊಡೆಯಿತು.

ಅದು ಪೂರ್ತಿ ಅರಳಿದ್ದು 1974ರಲ್ಲಿ, ‘ಆಲ್ಪ್ಸ್ ಬೆಟ್ಟದ ಹುಡುಗಿ ಹೈಡಿ’ಯಲ್ಲಿ. ಜನವರಿಯಿಂದ ಡಿಸೆಂಬರ್‌ವರೆಗೆ ವಾರಕ್ಕೊಂದರಂತೆ 52 ಕಂತು. ಟಿವಿ ಕಾರ್ಟೂನ್ ಎಂದರೆ ಯಂತ್ರಮಾನವರು, ಹೊಡೆದಾಟ ಎಂದಿದ್ದ ಕಾಲ. ತಕಹಾತ ತಂಡ 1973ರಲ್ಲಿ ಸ್ವಿಟ್ಜರ್ಲೆಂಡಿಗೆ ಹೋಗಿ ಬೆಟ್ಟ, ದನಗಾಹಿಗಳ ಗುಡಿಸಲು, ಹುಲ್ಲುಗಾವಲುಗಳನ್ನು ನೋಡಿ ಬಂತು. ವಾರದ ಟಿವಿ ಧಾರಾವಾಹಿಗಾಗಿ ಹೊರದೇಶಕ್ಕೆ ಹೋಗಿ ನೋಡಿ ಬರುವುದು ಆಗ ಹೊಸತು. ಕೊತಾಬೆ ಪಾತ್ರಗಳ ರೂಪ ಕೊಟ್ಟರು. ಮಿಯಾಜಾಕಿ 52 ಕಂತುಗಳಿಗೂ ಒಂದೊಂದು ದೃಶ್ಯದ ವಿನ್ಯಾಸವನ್ನು ತಾವೇ ಬರೆದರು. ಪಾತ್ರ ಎಲ್ಲಿ ನಿಲ್ಲಬೇಕು, ಕಿಟಕಿ ಎಲ್ಲಿದೆ, ಬೆಟ್ಟ ಎಷ್ಟು ದೂರ ಎಂಬುದನ್ನೆಲ್ಲ ಮೊದಲೇ ಒಂದು ಹಾಳೆಯಲ್ಲಿ ನಿಶ್ಚಯಿಸಿಕೊಂಡು ಉಳಿದವರು ಅದರ ಮೇಲೆ ದುಡಿಯುವ ಕ್ರಮ ಅಲ್ಲಿ ನೆಲೆನಿಂತಿತು. ಜಪಾನಿನ ಅನಿಮೇಷನ್ ಇಂದಿಗೂ ಆ ಕ್ರಮದಲ್ಲಿ ನಡೆಯುತ್ತದೆ.

ಮೊದಲ ಕಂತಿನಲ್ಲಿ ಹೈಡಿ ಇರುವ ಬಟ್ಟೆಗಳನ್ನೆಲ್ಲ ಒಂದರ ಮೇಲೊಂದು ತೊಟ್ಟು ಬೆಟ್ಟ ಹತ್ತುತ್ತಾಳೆ. ಸೆಕೆ ತಾಳದೆ ಒಂದೊಂದನ್ನೇ ಕಳಚಿ ಎಸೆದು ಕೊನೆಗೆ ಹಗುರಾಗಿ ಓಡುತ್ತಾಳೆ. ಮಾತಿಲ್ಲದ ಆ ಓಟದಲ್ಲೇ ಹುಡುಗಿಯ ಮನಸ್ಸು ಪೂರ್ತಿ ತೆರೆದುಕೊಳ್ಳುತ್ತದೆ. ಅಜ್ಜ ಬೆಂಕಿಯ ಮುಂದೆ ಗಿಣ್ಣನ್ನು ಕರಗಿಸಿ ಬ್ರೆಡ್ಡಿನ ಮೇಲೆ ಸವರುವ ದೃಶ್ಯವನ್ನು ಜಪಾನಿನ ಒಂದು ತಲೆಮಾರು ಮರೆತಿಲ್ಲ. ಅದೇ ವರ್ಷ ಅಕ್ಟೋಬರ್‌ನಲ್ಲಿ ಅದೇ ಹೊತ್ತಿಗೆ ಬೇರೆ ವಾಹಿನಿಯಲ್ಲಿ ಅಂತರಿಕ್ಷದ ಯುದ್ಧನೌಕೆ ‘ಯಮಾತೊ’ ಶುರುವಾಯಿತು. ಹಾಲು ಕರೆಯುವ ಹುಡುಗಿಯ ಮುಂದೆ ಯುದ್ಧನೌಕೆ ನಿಲ್ಲಲಿಲ್ಲ.

1976ರಲ್ಲಿ ಇಟಲಿಯ ಜಿನೋವಾದಿಂದ ಅರ್ಜೆಂಟೀನಾಕ್ಕೆ ತಾಯಿಯನ್ನು ಹುಡುಕಿ ಹೊರಟ ಮಾರ್ಕೊನ ಕತೆ, 1979ರಲ್ಲಿ ಕೆನಡಾದ ಕೆಂಪುಗೂದಲ ಅನಾಥ ಹುಡುಗಿ ಆನ್‌ಳ ಕತೆ. ಪ್ರತಿ ಕಂತನ್ನೂ ಏಳು ದಿನದ ಗಡುವಿನಲ್ಲಿ ಮುಗಿಸುವ ಹೊರೆಯಲ್ಲಿ ತಂಡದವರಿಗೆ ನಿದ್ದೆಯೇ ಇರಲಿಲ್ಲ. ‘ಆನ್’ ಅರ್ಧಕ್ಕೆ ಬರುವ ಮೊದಲೇ ಮಿಯಾಜಾಕಿ ತಮ್ಮದೇ ಚಿತ್ರ ಮಾಡಲು ಹೊರಟರು. ಇಬ್ಬರ ದಾರಿ ಅಲ್ಲಿ ಕವಲಾಯಿತು. ಮಿಯಾಜಾಕಿಯವರ ಪಾತ್ರಗಳು ಹಾರತೊಡಗಿದವು. ತಕಹಾತ ಅವರ ಪಾತ್ರಗಳು ನೆಲದ ಮೇಲೆಯೇ ನಡೆದವು.

ಮಿಂಚುಹುಳುಗಳು

ದಾರಿ ಬೇರೆಯಾದರೂ ನಂಟು ಕಡಿಯಲಿಲ್ಲ. ತಮ್ಮ ‘ನೌಸಿಕಾ’ ಚಿತ್ರಕ್ಕೆ ತಕಹಾತ ಅವರೇ ನಿರ್ಮಾಪಕರಾಗಬೇಕೆಂದು ಮಿಯಾಜಾಕಿ ಹಟ ಹಿಡಿದರು. ಆ ದಿನಗಳನ್ನು ಹತ್ತಿರದಿಂದ ಕಂಡ, ಮುಂದೆ ತಾವೂ ನಿರ್ಮಾಪಕರಾದ ತೊಶಿಯೊ ಸುಜುಕಿ ಹೇಳುವಂತೆ, ತಕಹಾತ ನಿರ್ಮಾಪಕ ಎಂದರೆ ಯಾರು, ಎಂಥವನಿರಬೇಕು ಎಂದು ಒಂದು ಇಡೀ ಟಿಪ್ಪಣಿ ಪುಸ್ತಕ ತುಂಬ ಬರೆದು, ಆದ್ದರಿಂದ ಈ ಕೆಲಸ ತಮಗೆ ಒಗ್ಗದು ಎಂದು ಕೊನೆಗೆ ತೀರ್ಮಾನ ಕೊಟ್ಟರು. ಕೊನೆಗೂ ಒಪ್ಪಿಕೊಂಡರು. 1984ರಲ್ಲಿ ಬಂದ ಆ ಚಿತ್ರ ಗೆದ್ದಿತು. ಸಂಗೀತಕ್ಕೆ ಆಗಿನ್ನೂ ಹೆಸರಾಗದಿದ್ದ ಜೋ ಹಿಸಾಯಿಶಿಯವರನ್ನು ಆರಿಸುವಲ್ಲಿ ತಕಹಾತ ಅವರ ಕಿವಿಯ ಪಾಲು ದೊಡ್ಡದು.

ಗೆದ್ದ ಹಣದಲ್ಲಿ ಮಿಯಾಜಾಕಿ ಗೆಳೆಯನ ಮುಂದಿನ ಕೆಲಸಕ್ಕೆ ಬೆಂಬಲ ಕೊಟ್ಟರು. ತಕಹಾತ ಯಾನಾಗಾವ ಎಂಬ ಊರಿಗೆ ಹೋಗಿ ಅಲ್ಲಿನ ಹಳೆಯ ಕಾಲುವೆಗಳಿಗೆ ಮನಸೋತರು. ಕೊಳೆತು ನಾರುತ್ತಿದ್ದ ಕಾಲುವೆಗಳನ್ನು ಮುಚ್ಚಲು ಹೊರಟಿದ್ದ ನಗರಸಭೆಯ ಮನಸ್ಸನ್ನು ಅದೇ ಕಚೇರಿಯ ಒಬ್ಬ ಅಧಿಕಾರಿ ತಿರುಗಿಸಿ, ಜನರೊಂದಿಗೆ ಸೇರಿ ಹೂಳೆತ್ತಿಸಿದ ಕತೆ ಅದು. ಅನಿಮೇಷನ್ ಬಿಟ್ಟು ನಿಜ ಜನರ ಸಾಕ್ಷ್ಯಚಿತ್ರ ತೆಗೆದರು. ಅದು ಎರಡೂವರೆ ತಾಸಿಗೂ ಉದ್ದವಾಯಿತು. ಹಣ ಮುಗಿಯಿತು. ಹಣ ಹುಟ್ಟಿಸಲು ಮಿಯಾಜಾಕಿ ಇನ್ನೊಂದು ಚಿತ್ರ ಮಾಡಬೇಕಾಯಿತು. ಆ ಚಿತ್ರವನ್ನು ಮಾಡಲು ಒಂದು ಜಾಗ ಬೇಕಿತ್ತು. 1985ರಲ್ಲಿ ಸ್ಟುಡಿಯೋ ಗಿಬ್ಲಿ ಹುಟ್ಟಿತು.

ಆ ಸ್ಟುಡಿಯೋದಲ್ಲಿ ತಕಹಾತ ನಿರ್ದೇಶಿಸಿದ ಮೊದಲ ಅನಿಮೇಷನ್ ಚಿತ್ರ ‘ಮಿಂಚುಹುಳುಗಳ ಸಮಾಧಿ’. ಮೂಲ ಕತೆ ಅಕಿಯುಕಿ ನೊಸಾಕ ಅವರದು, 1967ರದು. ಜಪಾನಿನ ದೊಡ್ಡ ಸಾಹಿತ್ಯ ಗೌರವಗಳಲ್ಲಿ ಒಂದಾದ ನವೊಕಿ ಪ್ರಶಸ್ತಿ ಅದಕ್ಕೆ ಸಂದಿತ್ತು. ನೊಸಾಕ 14ರ ಹರೆಯದಲ್ಲಿ ಕೋಬೆ ನಗರದ ಬಾಂಬು ದಾಳಿಯಲ್ಲಿ ಬದುಕಿ ಉಳಿದವರು. ಅವರ ಪುಟ್ಟ ತಂಗಿ ಯುದ್ಧದ ಕೊನೆಗೆ ಹಸಿವಿನಿಂದ ತೀರಿಕೊಂಡಳು. ಕತೆಯ ಅಣ್ಣ ತಂಗಿಯನ್ನು ನೋಡಿಕೊಂಡಷ್ಟು ಮಮತೆಯಿಂದ ತಾನು ನೋಡಿಕೊಳ್ಳಲಿಲ್ಲ ಎಂಬ ಪಾಪಭಾವ ಅವರನ್ನು ಕಾಡಿತು. ಕತೆ ಆ ಮಗುವಿನ ಮುಂದೆ ಕೇಳಿದ ಕ್ಷಮೆ. ಒಕಾಯಾಮದಲ್ಲಿ ಅಕ್ಕನೊಂದಿಗೆ ಓಡಿದ್ದ ಹುಡುಗ, ಕೋಬೆಯಲ್ಲಿ ತಂಗಿಯನ್ನು ಕಳೆದುಕೊಂಡ ಹುಡುಗನ ಕತೆಯನ್ನು ಕೈಗೆತ್ತಿಕೊಂಡದ್ದು ಹೀಗೆ.

ಪಾತ್ರಗಳ ರೂಪ ಯೋಶಿಫುಮಿ ಕೊಂದೊ ಅವರದು. ಕಪ್ಪು ಗೆರೆಯ ಬದಲು ಕಂದು ಗೆರೆ ಬಳಸಿದರು, ಮುಖಗಳು ಮೃದುವಾದವು. ನಾಲ್ಕು ವರ್ಷದ ತಂಗಿ ಸೆತ್ಸುಕೊಳ ದನಿಗೆ ಸುಮಾರು ಅದೇ ವಯಸ್ಸಿನ ಮಗುವನ್ನೇ ಆರಿಸಿದರು. ಅವಳ ಮಾತನ್ನು ಮೊದಲು ಧ್ವನಿಮುದ್ರಿಸಿ, ಆಮೇಲೆ ಅದಕ್ಕೆ ತಕ್ಕಂತೆ ಚಿತ್ರ ಬರೆದರು. ಅದಕ್ಕೇ ಆ ಮಗು ಅಳುವಾಗ ನಿಜವಾದ ಮಗುವೇ ಅಳುತ್ತದೆ. ಬೆಂಕಿ ಬಾಂಬು ಮಾಡಿನ ಮೇಲೆ ಬಿದ್ದು ಎಣ್ಣೆ ಚೆಲ್ಲಿ ಹೊತ್ತಿಕೊಳ್ಳುವ ರೀತಿ ತಕಹಾತ ಅವರ ಕಣ್ಣು ಕಂಡದ್ದು.

ಹಣ್ಣಿನ ರುಚಿಯ ಸಕ್ಕರೆ ಮಿಠಾಯಿಯ ತಗಡಿನ ಡಬ್ಬಿಯೊಂದು ಚಿತ್ರವಿಡೀ ಮಕ್ಕಳ ಜೊತೆಗಿದೆ. ಮಿಠಾಯಿ ಮುಗಿದ ಮೇಲೆ ಅದಕ್ಕೆ ನೀರು ತುಂಬಿ, ಉಳಿದ ಸಿಹಿಯನ್ನು ತಂಗಿಗೆ ಕುಡಿಸುತ್ತಾನೆ ಅಣ್ಣ. ಕೊನೆಗೆ ಅದೇ ಡಬ್ಬಿಯಲ್ಲಿ ಅವಳ ಮೂಳೆಗಳಿರುತ್ತವೆ. ಒಂದು ವಸ್ತುವನ್ನು ಹೀಗೆ ಬಿಡದೆ ನೋಡುವುದರಲ್ಲಿ ಯುದ್ಧದ ಲೆಕ್ಕವೆಲ್ಲ ಬಂದುಹೋಗುತ್ತದೆ.

ಜಗತ್ತು ಇದನ್ನು ಯುದ್ಧವಿರೋಧಿ ಚಿತ್ರವೆಂದು ಹೊಗಳಿತು. ತಕಹಾತ ಅದನ್ನು ಒಪ್ಪಲಿಲ್ಲ. ಯುದ್ಧದ ಸಂಕಟ ತೋರಿಸಿದ ಮಾತ್ರಕ್ಕೆ ಮುಂದಿನ ಯುದ್ಧ ನಿಲ್ಲುವುದಿಲ್ಲ ಎಂಬುದು ಅವರ ನಿಲುವು. ಅವರ ಕಣ್ಣು ಬೇರೊಂದರ ಮೇಲಿತ್ತು. ಹಂಗಿನ ಊಟ ಹಾಕುವ ಬಂಧುವಿನ ಮನೆಯನ್ನು ಬಿಟ್ಟು, ಯಾರ ಗೊಡವೆಯೂ ಬೇಡವೆಂದು ತಂಗಿಯೊಡನೆ ಗುಹೆ ಸೇರುವ ಸೇಯಿತಾನಲ್ಲಿ, ಮನುಷ್ಯರ ಒಡನಾಟದಿಂದ ದೂರ ಸರಿಯುತ್ತಿದ್ದ ಎಂಬತ್ತರ ದಶಕದ ತರುಣರನ್ನು ಅವರು ಕಂಡರು. ನೋಡುಗರು ಇಂದು ಹುಡುಗನಿಗಾಗಿ ಅಳುತ್ತಾರೆ, ಕಾಲ ತಿರುಗಿದರೆ ಅದೇ ಜನ ಆ ಕಟುಮಾತಿನ ಬಂಧುವಿನ ಪಕ್ಷ ವಹಿಸಿ ಅವನನ್ನೇ ದೂಷಿಸಬಹುದು ಎಂಬ ಭಯವನ್ನೂ ಆಗಲೇ ಹೇಳಿಕೊಂಡರು. ಚಿತ್ರದ ಕೊನೆಯಲ್ಲಿ ಸತ್ತ ಅಣ್ಣತಂಗಿ ಬೆಂಚಿನ ಮೇಲೆ ಕೂತು, ದೀಪಗಳು ಝಗಮಗಿಸುವ ಇಂದಿನ ಕೋಬೆಯನ್ನು ನೋಡುತ್ತಾರೆ. ಆ ನೋಟ ನಮ್ಮ ಮೇಲಿದೆ.

ಇಂಥ ಚಿತ್ರದಲ್ಲಿ ಆ ಕೆಲವು ಕ್ಷಣ ಬಣ್ಣವಿಲ್ಲದೆ ಹೋದವು.

ಬಿಳಿಯ ಕಡೆಗೆ

ಆಮೇಲಿನ ವರ್ಷಗಳಲ್ಲಿ ತಕಹಾತ ಅವರ ಮನಸ್ಸು ಒಂದು ಪ್ರಶ್ನೆಯ ಸುತ್ತ ತಿರುಗಿತು. ಎಲ್ಲವನ್ನೂ ತುಂಬಿಸಿ, ಹೊಳೆಸಿ, ನೋಡುಗನನ್ನು ಒಳಗೆಳೆದುಕೊಂಡು ಬಿಡುವ ಚಿತ್ರ ಅವನ ಕಣ್ಣಿಗೆ ಏನು ಕೆಲಸ ಉಳಿಸುತ್ತದೆ? ಕೆನಡಾದ ಫ್ರೆಡರಿಕ್ ಬಾಕ್ ಅವರ ‘ಮರ ನೆಟ್ಟ ಮನುಷ್ಯ’ ಅವರನ್ನು ಬಹಳ ಸೆಳೆಯಿತು. ಪೆನ್ಸಿಲಿನ ಗೆರೆಗಳು ಮಂಜಿನಿಂದ ಮೂಡಿ ಮಂಜಿಗೆ ಮರಳುವ ಆ ಕಿರುಚಿತ್ರದ ಮೇಲೆ ತಕಹಾತ ಒಂದು ಪುಸ್ತಕವನ್ನೇ ಬರೆದರು.

1991ರ ‘ನಿನ್ನೆಗಳ ನೆನಪು’ 27ರ ತಾಯೆಕೊಳ ಕತೆ. ಟೋಕಿಯೊದ ಕಚೇರಿಯಿಂದ ರಜೆ ಹಾಕಿ ಯಾಮಾಗಾತದ ಹಳ್ಳಿಗೆ ಕುಸುಬೆ ಹೂ ಕೀಳಲು ಹೊರಡುತ್ತಾಳೆ. ಐದನೇ ತರಗತಿಯ ತನ್ನದೇ ಬಾಲ್ಯ ಜೊತೆಗೆ ಬರುತ್ತದೆ. ಹಳ್ಳಿಯ ಇಂದಿನ ದೃಶ್ಯಗಳಲ್ಲಿ ಮೂಲೆಮೂಲೆಯೂ ಬಣ್ಣದಿಂದ ತುಂಬಿದೆ. 1966ರ ಬಾಲ್ಯದ ದೃಶ್ಯಗಳಲ್ಲಿ ಬಣ್ಣ ತೆಳು, ಅಂಚುಗಳು ಬಿಳಿಗೆ ಕರಗುತ್ತವೆ. ನೆನಪು ನಿಜಕ್ಕೂ ಹಾಗೆಯೇ. ನಡುವಿನದು ಸ್ಪಷ್ಟ, ಅಂಚು ಅಳಿದಿರುತ್ತದೆ. ಮನೆಗೆ ಮೊದಲ ಸಲ ಅನಾನಸ್ ತಂದು, ಹೇಗೆ ಕೊಯ್ಯಬೇಕೆಂದೇ ತಿಳಿಯದೆ ಮನೆಮಂದಿಯೆಲ್ಲ ಅದರ ಸುತ್ತ ಕೂರುತ್ತಾರೆ. ಕೊಯ್ದು ತಿಂದರೆ ಯಾರಿಗೂ ರುಚಿಸದು, ಹುಡುಗಿ ಮಾತ್ರ ಹಟದಿಂದ ತಿನ್ನುತ್ತಾಳೆ. ಇಷ್ಟೇ ದೃಶ್ಯ. ಇಂಥದ್ದನ್ನು ಯಾರು ನೋಡುತ್ತಾರೆ ಎಂದವರಿಗೆ ಉತ್ತರವಾಗಿ ಅದು ಆ ವರ್ಷ ಜಪಾನಿನಲ್ಲಿ ಅತಿ ಹೆಚ್ಚು ಗಳಿಸಿದ ಜಪಾನಿ ಚಿತ್ರವಾಯಿತು. 1994ರ ‘ಪೋಂಪೊಕೊ’ವಿನಲ್ಲಿ ಟೋಕಿಯೊದ ಪಕ್ಕದ ತಾಮಾ ಬೆಟ್ಟಗಳನ್ನು ಕಡಿದು ಹೊಸ ಬಡಾವಣೆ ಎಬ್ಬಿಸುವಾಗ ನೆಲೆ ಕಳೆದುಕೊಳ್ಳುವ ತನುಕಿ ಎಂಬ ಕಾಡುಪ್ರಾಣಿಗಳ ಹೋರಾಟವಿದೆ. ಅದಕ್ಕೂ ಜನ ಮುಗಿಬಿದ್ದರು. ಮರುವರ್ಷ ಫ್ರಾನ್ಸಿನ ಆನೆಸಿ ಉತ್ಸವದ ದೊಡ್ಡ ಪ್ರಶಸ್ತಿ ಬಂತು.

1999ರಲ್ಲಿ ‘ನಮ್ಮ ನೆರೆಯ ಯಮಾದಾ ಮನೆಯವರು’. ಪತ್ರಿಕೆಯ ನಾಲ್ಕು ಚೌಕದ ವ್ಯಂಗ್ಯಚಿತ್ರದಿಂದ ಬಂದ ಸಾಮಾನ್ಯ ಕುಟುಂಬ. ಗಿಬ್ಲಿಯ ಮೊದಲ ಪೂರ್ಣ ಡಿಜಿಟಲ್ ಚಿತ್ರ ಇದು. ಕಂಪ್ಯೂಟರನ್ನು ಇನ್ನಷ್ಟು ಹೊಳಪಿಗೆ ಬಳಸುವ ಬದಲು ಜಲವರ್ಣದ ಒದ್ದೆಯನ್ನು, ಕೈಗೆರೆಯ ನಡುಕವನ್ನು ಉಳಿಸಿಕೊಳ್ಳಲು ತಕಹಾತ ಬಳಸಿದರು. ಹಿನ್ನೆಲೆಯ ಬಹುಪಾಲು ಖಾಲಿ. ಜನ ಬರಲಿಲ್ಲ, ಸ್ಟುಡಿಯೋಗೆ ನಷ್ಟವಾಯಿತು. ಅದೇ ವರ್ಷ ಅವರು ಹನ್ನೆರಡನೆಯ ಶತಮಾನದ ಜಪಾನಿ ಸುರುಳಿಚಿತ್ರಗಳ ಕುರಿತು ಪುಸ್ತಕ ತಂದರು. ಬಲದಿಂದ ಎಡಕ್ಕೆ ಬಿಚ್ಚುತ್ತ ಹೋದಂತೆ ಕತೆ ಚಲಿಸುವ ಆ ಸುರುಳಿಗಳಲ್ಲಿ ಬೆಂಕಿ ನೋಡಲು ಓಡುವ ಜನರಿದ್ದಾರೆ, ಕುಸ್ತಿಯಾಡುವ ಕಪ್ಪೆ ಮೊಲಗಳಿವೆ, ಸುತ್ತ ಬರಿಯ ಹಾಳೆಯಿದೆ. ಖಾಲಿ ಜಾಗವನ್ನು ನೋಡುಗರ ಮನಸ್ಸಿಗೆ ಬಿಟ್ಟುಕೊಡುವುದು ತನ್ನ ನೆಲದ ಹಳೆಯ ವಿದ್ಯೆ ಎಂದು ಅವರಿಗೆ ಮನದಟ್ಟಾಗಿತ್ತು.

ಈ ಹುಡುಕಾಟದ ಬೆಲೆಯನ್ನು ಇತರರೂ ತೆತ್ತರು ಎಂಬುದನ್ನು ಮುಚ್ಚಿಡಬಾರದು. ತಾವು ಬಿಡಿಸಲಾರದ್ದನ್ನು ಬಿಡಿಸಬಲ್ಲವರಿಂದ ಅವರು ಹಿಂಡಿ ತೆಗೆಯುತ್ತಿದ್ದರು. ಜೊತೆಗೆ ದುಡಿದವರು, ಸುಜುಕಿಯವರೂ ಸೇರಿ, ಅದನ್ನು ಬಹಿರಂಗವಾಗಿಯೇ ಹೇಳಿದ್ದಾರೆ. ‘ಆನ್’, ‘ಮಿಂಚುಹುಳುಗಳ ಸಮಾಧಿ’, ‘ನಿನ್ನೆಗಳ ನೆನಪು’ ಮೂರಕ್ಕೂ ಮುಖ ಕೊಟ್ಟ ಕೊಂದೊ 1998ರ ಜನವರಿಯಲ್ಲಿ 47ನೇ ವಯಸ್ಸಿಗೆ ತೀರಿಕೊಂಡರು. ಜಪಾನಿನ ಅನಿಮೇಷನ್ನಿನ ಸೊಗಸಿನ ಹಿಂದೆ ನಿದ್ದೆಗೆಟ್ಟ ಕೈಗಳಿವೆ. ತಕಹಾತ ಅವರನ್ನು ಮೆಚ್ಚುವವರು ಆ ಕೈಗಳನ್ನೂ ನೆನೆಯಬೇಕು.

ಬಿದಿರಿನ ಮಗಳು

ಬಿದಿರು ಕಡಿಯುವ ಮುದುಕನಿಗೆ ಹೊಳೆಯುವ ಬಿದಿರಿನೊಳಗೆ ಹೆಣ್ಣುಮಗು ಸಿಗುತ್ತದೆ. ಅವಳು ಬೆಳೆದು ಚೆಲುವೆಯಾಗಿ, ದೊಡ್ಡವರನ್ನೆಲ್ಲ ನಿರಾಕರಿಸಿ, ಕೊನೆಗೆ ಚಂದ್ರಲೋಕಕ್ಕೆ ಮರಳುತ್ತಾಳೆ. ಸಾವಿರ ವರ್ಷ ದಾಟಿದ ಈ ಕತೆ ಜಪಾನಿನ ಪ್ರತಿ ಮಗುವಿಗೂ ಗೊತ್ತು. ತರುಣ ತಕಹಾತ ತೋಯೆಯಲ್ಲಿದ್ದಾಗ ಆ ಸಂಸ್ಥೆ ಇದನ್ನು ಚಿತ್ರ ಮಾಡಲು ಯೋಚಿಸಿ ನೌಕರರಿಂದ ಸಲಹೆ ಕೇಳಿತ್ತು. ಚಂದ್ರಲೋಕದ ಹುಡುಗಿಯನ್ನು ಭೂಮಿಗೆ ಕಳುಹಿಸಿದ್ದೇಕೆ, ಅವಳ ತಪ್ಪೇನು ಎಂಬ ಪ್ರಶ್ನೆ ಆಗಲೇ ಅವರ ತಲೆ ಹೊಕ್ಕಿತು. ಉತ್ತರ ತೆರೆಗೆ ಬರಲು ಅರ್ಧ ಶತಮಾನ ಹಿಡಿಯಿತು.

ನಷ್ಟದ ‘ಯಮಾದಾ’ವನ್ನು ಮನಸಾರೆ ಮೆಚ್ಚಿದ ಒಬ್ಬರಿದ್ದರು. ನಿಪ್ಪೊನ್ ಟಿವಿಯ ಹಿರಿಯ ಸೇಯಿಚಿರೊ ಉಜಿಯೆ. ಸಾಯುವ ಮೊದಲು ತಕಹಾತ ಅವರ ಇನ್ನೊಂದು ಚಿತ್ರ ನೋಡಬೇಕೆಂಬುದು ಅವರ ಆಸೆ. ಅವರ ಬೆಂಬಲದಿಂದ ‘ರಾಜಕುಮಾರಿ ಕಗುಯಾಳ ಕತೆ’ ಶುರುವಾಯಿತು. 2011ರಲ್ಲಿ ಉಜಿಯೆ ತೀರಿಕೊಂಡರು, ಚಿತ್ರ ಮುಗಿದಿರಲಿಲ್ಲ. ಇಲ್ಲಿಯೂ ದನಿ ಮೊದಲು, ಚಿತ್ರ ಆಮೇಲೆ. ಮುದುಕನ ಪಾತ್ರಕ್ಕೆ ದನಿ ಕೊಟ್ಟ ತಾಕೆಯೊ ಚೀ 2012ರಲ್ಲಿ ತೀರಿಹೋದರು. ಅವರ ದನಿ ಮಾತ್ರ ಚಿತ್ರದಲ್ಲಿ ಉಳಿಯಿತು. ಮಿಯಾಜಾಕಿಯವರ ‘ಗಾಳಿ ಏಳುತಿದೆ’ ಜೊತೆಗೆ 2013ರ ಬೇಸಿಗೆಯಲ್ಲಿ ಬರಬೇಕಿದ್ದದ್ದು ನವೆಂಬರ್ 23ಕ್ಕೆ ಹೋಯಿತು. ಎಂಟು ವರ್ಷದ ಕೆಲಸ, ಸುಮಾರು 500 ಕೋಟಿ ಯೆನ್ ವೆಚ್ಚ. ಜಪಾನಿನ ಚಿತ್ರಮಂದಿರಗಳಿಂದ ಬಂದದ್ದು ಅದರ ಅರ್ಧದಷ್ಟು. ನಿರ್ದೇಶಕರಿಗೆ ಆಗ 78.

ಚಿತ್ರಕಾರ ಒಸಾಮು ತನಾಬೆಯವರ ಮೊದಲ ಕರಡು ಗೆರೆಯಲ್ಲಿರುವ ಜೀವವನ್ನೇ ತೆರೆಯ ಮೇಲೆ ಉಳಿಸಿಕೊಳ್ಳಬೇಕೆಂಬುದು ಹಟ. ಸಾಮಾನ್ಯವಾಗಿ ಕರಡನ್ನು ತಿದ್ದಿ, ನುಣುಪು ಮಾಡಿ, ಬಣ್ಣ ತುಂಬುವಾಗ ಅದರ ಬಿಸಿ ಆರಿಹೋಗುತ್ತದೆ. ಕಾಜುವೊ ಓಗಾ ಹಿನ್ನೆಲೆಗಳನ್ನು ತೆಳು ಜಲವರ್ಣದಲ್ಲಿ ಬರೆದು ಅಂಚನ್ನು ಹಾಳೆಗೇ ಬಿಟ್ಟರು. ಹಬ್ಬದ ರಾತ್ರಿ, ತನ್ನನ್ನು ನೋಡುವ ವಸ್ತುವಾಗಿಸಿದ ಗಂಡಸರ ಮಾತು ಕೇಳಿದ ಕಗುಯಾ ಅರಮನೆಯಂಥ ಮನೆಯಿಂದ ಓಡುತ್ತಾಳೆ. ಬಾಗಿಲುಗಳನ್ನು ಸೀಳಿಕೊಂಡು, ಮೇಲೆ ಹೇರಿದ ರೇಶಿಮೆಯ ಪದರಗಳನ್ನು ಒಂದೊಂದಾಗಿ ಕಳಚಿ ಎಸೆದು, ಚಂದ್ರನ ಕೆಳಗೆ ಓಡುತ್ತಾಳೆ. ಗೆರೆಗಳು ಒರಟಾಗುತ್ತವೆ, ಮುಖ ಒಡೆಯುತ್ತದೆ, ಇದ್ದಿಲಿನ ಬಳಿತವೇ ಹುಡುಗಿಯಾಗುತ್ತದೆ. 1974ರಲ್ಲಿ ಆಲ್ಪ್ಸ್ ಹತ್ತುತ್ತ ಬಟ್ಟೆ ಕಳಚಿ ನಕ್ಕ ಹೈಡಿಯ ಓಟವೇ ಇಲ್ಲಿ ಸಿಟ್ಟಾಗಿ, ಅಳುವಾಗಿ ಮರಳಿದೆ. ಅದರ ಹಿಂದೆ ಇನ್ನೂ ಹಳೆಯ ಓಟವೊಂದು ನನಗೆ ಕಾಣುತ್ತದೆ. ಉರಿವ ಊರಿನಲ್ಲಿ ಬರಿಗಾಲಿನ ಮಗುವಿನ ಓಟ.

ಕಗುಯಾ ಬಯಸಿದ್ದು ಹಕ್ಕಿ, ಹುಳು, ಹುಲ್ಲು, ಅಳು, ನಗು ಇರುವ ಈ ಮಣ್ಣಿನ ಬದುಕನ್ನು. ದುಃಖವೇ ಇಲ್ಲದ ಚಂದ್ರಲೋಕದಲ್ಲಿ ಆ ಬಯಕೆಯೇ ಅವಳ ತಪ್ಪು. ನೋವು ಸಹಿತ ಈ ಭೂಮಿಯೇ ಮೇಲು ಎಂಬುದು ತಕಹಾತ ಐವತ್ತು ವರ್ಷದ ಮೇಲೆ ಕೊಟ್ಟ ಉತ್ತರ. ಚಿತ್ರ ಆಸ್ಕರ್ ಪ್ರಶಸ್ತಿಯ ಕೊನೆಯ ಸುತ್ತಿಗೆ ನಾಮನಿರ್ದೇಶನಗೊಂಡಿತು.

ನೋಡುಗರ ಪಾಲು

2015ರ ಜೂನ್ 29ರಂದು, ದಾಳಿ ನಡೆದು 70 ವರ್ಷ ತುಂಬಿದ ದಿನ, ತಕಹಾತ ಒಕಾಯಾಮದಲ್ಲಿ ನಿಂತು ಆ ನಸುಕಿನ ಕತೆಯನ್ನು ಊರವರ ಮುಂದೆ ಹೇಳಿದರು. ಯುದ್ಧಕ್ಕೆ ಜಪಾನ್ ಮತ್ತೆ ಕೈಹಾಕಬಾರದೆಂದು ಕೊನೆಯವರೆಗೂ ಮಾತಾಡಿದರು. 2018ರ ಏಪ್ರಿಲ್ 5ರಂದು, 82ರ ವಯಸ್ಸಿನಲ್ಲಿ, ಶ್ವಾಸಕೋಶದ ಕ್ಯಾನ್ಸರ್‌ನಿಂದ ತೀರಿಕೊಂಡರು. ಮೇ 15ರಂದು ಗಿಬ್ಲಿ ವಸ್ತುಸಂಗ್ರಹಾಲಯದಲ್ಲಿ ನಡೆದ ವಿದಾಯ ಸಭೆಯಲ್ಲಿ ಮಿಯಾಜಾಕಿ, ಮಳೆ ನಿಂತ ದಿನ ಬಸ್ ನಿಲ್ದಾಣದಲ್ಲಿ ಕಂಡ ಪಾಕು-ಸಾನ್ ಅವರನ್ನು ನೆನೆದು ಅತ್ತರು.

2025ರ ಮಾರ್ಚಿನಲ್ಲಿ ಫೋಟೋ ಕೊಟ್ಟರೆ ಕ್ಷಣದಲ್ಲಿ ‘ಗಿಬ್ಲಿ’ ಚಿತ್ರ ಮಾಡಿಕೊಡುವ ಯಂತ್ರದ ಹುಚ್ಚು ಜಗತ್ತಿಗೆಲ್ಲ ಹಬ್ಬಿತು. ನಮ್ಮ ವಾಟ್ಸ್ಆ್ಯಪ್ ಗುಂಪುಗಳೂ ಆ ದುಂಡು ಮುಖಗಳಿಂದ ತುಂಬಿದವು. ಆ ಹೆಸರನ್ನು ಹೊತ್ತ ಸ್ಟುಡಿಯೋದ ಎರಡು ಕಂಬಗಳಲ್ಲಿ ಒಂದಾದ ಮನುಷ್ಯ ಒಂದು ಮುಖವನ್ನೂ ತಾವು ಬಿಡಿಸಿದವರಲ್ಲ. ಅವರ ಬಂಡವಾಳ ನೋಡುವುದು. ಮಗು ಹೇಗೆ ಚಪ್ಪಲಿ ಮೆಟ್ಟುತ್ತದೆ, ಬೆಂಕಿ ಹೇಗೆ ಮಾಡು ಹತ್ತುತ್ತದೆ, ನೆನಪು ಎಲ್ಲಿ ಅಳಿಯುತ್ತದೆ ಎಂದು ವರ್ಷಗಟ್ಟಲೆ ನೋಡಿದರು. ಆ ನೋಟವನ್ನು ಯಾವ ಯಂತ್ರದಿಂದಲೂ ಕ್ಷಣದಲ್ಲಿ ಪಡೆಯಲಾಗದು. ಅದನ್ನು ಪಡೆಯಲು ಅವರ ಚಿತ್ರಗಳ ಮುಂದೆ ಎರಡು ತಾಸು ಸುಮ್ಮನೆ ಕೂರಬೇಕು.

ಹಾಗೆ ಕೂರುವವರಿಗೆ ನನ್ನದೊಂದು ಕೋರಿಕೆ. ‘ಮಿಂಚುಹುಳುಗಳ ಸಮಾಧಿ’ಯನ್ನೂ ‘ಕಗುಯಾ’ವನ್ನೂ ಒಂದರ ನಂತರ ಒಂದು ನೋಡಿ. ಇಂದು ಸಿಗುವ ಪ್ರತಿಯಲ್ಲಿ ತರಕಾರಿ ಕದ್ದ ಹುಡುಗನಿಗೆ ಬಣ್ಣ ಬಂದಿದೆ. ಕಗುಯಾ ಓಡುವ ರಾತ್ರಿಯಲ್ಲಿ ಮಾತ್ರ ಹಾಳೆ ಖಾಲಿಯಾಗಿಯೇ ಇದೆ. ಅದನ್ನು ತಕಹಾತ ನಮ್ಮ ಪಾಲಿಗೆ ಬಿಟ್ಟು ಹೋಗಿದ್ದಾರೆ.